ಐದು ವರ್ಷದ ಕೂಲೆಂಟ್

ಒಗೆದ ಬಟ್ಟೆ ಹರವುತ್ತಿದ್ದವಳ ಕೈ ಪಕ್ಕದ ಮನೆಯ ಕಾರಿನ ಬಾನೆಟ್ ತೆರೆದ ಸದ್ದಿಗೆ ನಿಂತಿತು. ಕಾರು ಆ ಮನೆಯಾಕೆಯದು. ಆಕೆ ಆಸ್ಪತ್ರೆ ಸೇರಿ ತಿಂಗಳಾಗಿತ್ತು. ಗೋಡೆಯಾಚೆ ಆಕೆಯ ಗಂಡ, ಪುಟ್ಟ ಮಗಳು, ಮೆಕ್ಯಾನಿಕ್ ನಿಂತಿದ್ದರು.

“ಕೂಲೆಂಟ್ ತಳ ಕಂಡಿದೆ ಸಾರ್. ಇಂಜಿನ್ ಬಿಸಿಯಾಗದೆ ಇನ್ನೇನಾಗುತ್ತೆ?”

“ಸದ್ಯಕ್ಕೆ ನೀರು ಹಾಕಪ್ಪ, ಸಾಕು.”

“ಬರೀ ನೀರು ಹಾಕಿದ್ರೆ ಒಳಗೆಲ್ಲ ತುಕ್ಕು ಹಿಡಿಯುತ್ತೆ. ಆಮೇಲೆ ಅಕ್ಕ ಬಂದು ನನ್ನ ಚರ್ಮ ಸುಲೀತಾರೆ!” ಮೆಕ್ಯಾನಿಕ್ ನಕ್ಕ.

ಗಂಡ ನಗಲಿಲ್ಲ.

“ಅಮ್ಮ ವಾರವಾರ ನೋಡ್ತಾಳೆ,” ಎಂದಳು ಮಗಳು. “ಇಂಜಿನ್ ತಣ್ಣಗಿರುವಾಗಲೇ ಮುಚ್ಚಳ ತೆಗೀಬೇಕಂತೆ.”

“ನೋಡಿ ಸಾರ್, ಅಮ್ಮನ ಮಗಳೇ! ಹಳೇದೆಲ್ಲ ಇಳಿಸಿ ಹೊಸದು ತುಂಬ್ತೀನಿ. ಎರಡು ವರ್ಷ ಬರೋದು ಹಾಕ್ಲಾ, ಐದು ವರ್ಷದ್ದಾ?”

“ಎರಡು ವರ್ಷದ್ದೇ ಹಾಕು.”

“ಅಮ್ಮ ಯಾವಾಗಲೂ ಐದು ವರ್ಷದ್ದೇ ಹಾಕಿಸೋದು ಅಪ್ಪ.”

“ಅಷ್ಟು ವರ್ಷ ಇದನ್ನ ಓಡಿಸೋರು ಯಾರು ಪುಟ್ಟಿ?”

ಬಾಯಿ ತಪ್ಪಿ ಬಂದ ಮಾತು. ಮೆಕ್ಯಾನಿಕ್ ಕೈಯೊರೆಸುವುದನ್ನು ನಿಲ್ಲಿಸಿದ. ಇತ್ತ ಒದ್ದೆ ಸೀರೆ ಹಿಡಿದವಳು ಗೋಡೆಯತ್ತ ತಿರುಗಿದಳು. ಬೀದಿಯವರೆಲ್ಲ ಗಂಟಲಲ್ಲೇ ನುಂಗಿಕೊಂಡಿದ್ದ ಪ್ರಶ್ನೆಯನ್ನು, ಅಪ್ಪನ ಅಂಗಿಯಂಚು ಹಿಡಿದು, ಮಗು ಕೇಳಿಯೇಬಿಟ್ಟಿತು.

“ಅಮ್ಮ ಮನೆಗೆ ಬರೋದೇ ಇಲ್ವಾ ಅಪ್ಪ?”