ಬೀದಿದೀಪದ ಅರ್ಜಿ

ಬೀದಿಗೆ ದೀಪ ಬಂದಿದೆ, ದೂರು ಬಗೆಹರಿದಿದೆ, ಅರ್ಜಿ ಮುಕ್ತಾಯ ಎಂದು ನ್ಯಾಯಾಧೀಶರು ಒಂದೇ ಉಸಿರಿಗೆ ಹೇಳಿ ಮುಗಿಸಿದರು. ಅರ್ಜಿ ಹಾಕಿದ್ದ ದರ್ಜಿ ಹಿಗ್ಗುತ್ತಾ ಹೊರಗೆ ಬಂದ. ಕೊರಳಿನ ಅಳತೆ ಟೇಪು ತೆಗೆಯುವುದನ್ನೂ ಮರೆತಿದ್ದ. ಬೆಂಚಿನ ಮೇಲಿದ್ದ ಹೆಂಡತಿಯ ಮುಖ ಮಾತ್ರ ಸಪ್ಪಗಿತ್ತು. ಹೆಸರು ಕೂಗುವ ಜವಾನ ಬಾಗಿಲಲ್ಲೇ ಇದ್ದ. ಕೇಳಬಾರದೆಂದರೂ ಕಿವಿ ಅತ್ತಲೇ ಹೋಯಿತು.

“ಗೆದ್ವಲ್ಲೇ! ಮುಖ ಯಾಕೆ ಹಂಗಿಟ್ಕೊಂಡಿದೀಯ?”

“ಗೆದ್ದಿದ್ದು ನೀವು. ನಾನಿನ್ನು ಬಸ್‌ ಸ್ಟಾಪಿಂದ ಒಬ್ಳೇ ಬರ್ಬೇಕು.”

“ಯಾರಂದ್ರು?”

“ಆಸ್ಪತ್ರೆ ಡ್ಯೂಟಿ ಮುಗಿಸಿ ಇಳಿದ್ರೆ ಇಷ್ಟು ವರ್ಷ ನೀವು ಟಾರ್ಚ್ ಹಿಡ್ಕೊಂಡು ನಿಂತಿರ್ತಿದ್ರಿ. ಈಗ ದೀಪ ಬಂತಲ್ಲ.”

“ನೀನು ಎಡವಿ ಬೀಳ್ಬಾರ್ದು ಅಂತ ತಾನೇ ಇಷ್ಟೆಲ್ಲ ಅಲೆದಿದ್ದು?”

“ಗೊತ್ತು ಕಣ್ರೀ. ಆದ್ರೆ ದಿನಕ್ಕೆ ನಾವು ಎರಡು ಮಾತಾಡೋದೇ ಆ ದಾರೀಲಿ.”

ಅವನು ಅವಳ ಕೈಹಿಡಿದು ಎಬ್ಬಿಸಿದ. ಮೆಟ್ಟಿಲಿನ ಬಲ್ಬು ಕೆಟ್ಟು ಯಾವ ಕಾಲವಾಯಿತೋ ಜವಾನನಿಗೂ ನೆನಪಿರಲಿಲ್ಲ. ದರ್ಜಿ ಚೀಲದಿಂದ ಟಾರ್ಚ್ ತೆಗೆದು ಅವಳ ಕಾಲ ಮುಂದೆ ಬೆಳಕು ಬಿಟ್ಟ.

“ನಾಳೆನೂ ಬರ್ತೀನಿ.”

“ದೀಪದ ಕೆಳಗೆ ಟಾರ್ಚ್ ಹಿಡ್ಕೊಂಡ್ರೆ ಜನ ನಗ್ತಾರೆ.”

“ಟಾರ್ಚ್ ಮನೇಲಿಟ್ಟು ಬರ್ತೀನಿ ಬಿಡೇ. ಇಷ್ಟು ವರ್ಷ ಬರೀ ನಿನ್ನ ಕಾಲು ನೋಡ್ಕೊಂಡು ನಡೆದೆ. ಇನ್ಮೇಲಾದ್ರೂ ಮುಖ ನೋಡ್ತೀನಿ.”

ಅವರ ಚಪ್ಪಲಿ ಸದ್ದು ಕೆಳಗಿಳಿದು ಕರಗುವ ತನಕ ಜವಾನ ಮುಂದಿನ ಹೆಸರು ಕೂಗಲಿಲ್ಲ.