ಮಗ್ಗದ ಕೋಣೆಯಿಂದ ಬಂದ ಉತ್ತರ

ನಗಬೇಡಿ... ಇದು ಅವರಿವರ ಬಾಯಿಂದ ಕೇಳಿದ್ದಲ್ಲ. ಹಿಂದೂಪುರದಲ್ಲಿರೋ ನನ್ನ ಚಿಕ್ಕಪ್ಪನ ಮಗ ತಿರುಮಲೇಶನಿಗೇ ಆದದ್ದು.

ಆವತ್ತು ಅವನು ಕಲ್ಯಾಣದುರ್ಗದಿಂದ ಕೊನೇ ಬಸ್ಸಿಗೆ ಬಂದು, ಬಾವಿ ಪಕ್ಕದ ದಾರಿ ಹಿಡಿದಿದ್ದ. ಕರೆಂಟಿರಲಿಲ್ಲ. ತಂಗಿ ಶಿರೀಷಾಳ ಗಂಡಿನ ಕಡೆಯವರಿಗೆ, ಮುಹೂರ್ತದ ಸೀರೆ ಆಗೇ ಆಗುತ್ತೆ ಅಂತ ಮಾತು ಕೊಟ್ಟು ಬರ್ತಿದ್ದ. ಆ ಸೀರೆ ನೇಯ್ತಿದ್ದವರು ಚಿಕ್ಕಪ್ಪ ಕೇಶವಯ್ಯ. ಎಡಗೈಯಲ್ಲೇ ಅವರ ಎಲ್ಲ ಕೆಲಸ. ಮಗಳಿಗೆ ನಾನೇ ನೇಯಬೇಕು ಅಂತ ಹಟ. ಸೆರಗೊಂದು ಉಳಿದಿತ್ತು... ಹೋಗಿಬಿಟ್ಟರು.

ಅವರು ತೀರಿಕೊಂಡ ಮೇಲೆ ಗಂಡಿನವರು ಸೆರಗಿಗೆ ಆರಿಸಿದ್ದು ಹಂಸದ ಡಿಸೈನು. ಹೊಸ ಸಾಫ್ಟ್‌ವೇರಿನಲ್ಲಷ್ಟೇ ತೆರೆಯೋದು. ಮಗ್ಗಕ್ಕೆ ಡಿಸೈನು ಕೊಡೋ ಕಂಪ್ಯೂಟರೋ ಓಬೀರಾಯನ ಕಾಲದ್ದು. ಗೆಳೆಯ ಗಂಗಾಧರ ನೆಟ್ಟಿನಲ್ಲಿ ಯಾರೋ ಮಾಡಿಟ್ಟ ಪ್ಯಾಚ್ ತಂದು ಹಾಕಿಕೊಟ್ಟ.

"ಸಾಫ್ಟ್‌ವೇರು, ನೀನ್ಯಾರು ಅಂತ ಕೇಳ್ತದೆ ಕಣ್ಲಾ. ಪ್ಯಾಚ್ ಹಾಕಿದ್ಮೇಲೆ ಈ ಹಳೇ ಕಂಪ್ಯೂಟರು, ನಾನೇ ಹೊಸದು ಅಂತ ಸುಳ್ಳು ಹೇಳ್ತದೆ. ಅಷ್ಟೇಯ."

ಸತ್ತವರು ಮಗ್ಗಕ್ಕೆ ಏರಿಸಿದ ಹಾಸುನೂಲನ್ನ ಕತ್ತರಿಸಿ ಇಳಿಸೋ ತನಕ ಆ ಮಗ್ಗ ಮುಟ್ಟೋ ಹಾಗಿಲ್ಲ, ಅವರ ಮನೆಯಲ್ಲಿ. ಚಿಕ್ಕಮ್ಮ ಬಾಯಿ ಬಡಕೊಂಡಳು. ಈ ಮೊಂಡ ಕೇಳಲಿಲ್ಲ. ನಾಳೆ ಕೂರ್ತೀನಿ ಅಂತ ಮಗ್ಗದ ಕೋಣೆಗೆ ಬೀಗ ಹಾಕಿ ಹೋಗಿದ್ದ.

ಬಾವಿ ಹತ್ತಿರ ಬಂದಾಗ ಕೇಳಿಸಿತು... ಮಗ್ಗದ ಕೋಣೆಯಿಂದ ಲಾಳಿ ಸರ್ರನೆ ಓಡೋ ಸದ್ದು. ನೂಲು ಬಡಿಯೋ ಹಲಗೆ ಧಡ್... ಧಡ್. ಡಿಸೈನು ಎತ್ತೋ ಜಕಾರ್ಡಿನ ಕಟಕಟಕಟ. ಕರೆಂಟಿಲ್ಲ, ನೆನಪಿರಲಿ.

ಬಾವಿಕಟ್ಟೆ ಮೇಲೆ ಚಿಕ್ಕಮ್ಮ ಕೂತಿದ್ದಳು. ಮಗನನ್ನ ನೋಡಿ ದಡಕ್ಕನೆ ಎದ್ದಳು.

"ನೀನು... ಒಳಗಿಲ್ವೇನ್ಲಾ?"

"ಈಗ ಬಸ್ಸಿಳ್ದು ಬತ್ತಾ ಇದೀನಿ ಕಣಮ್ಮ."

"ಯಾರು ಅಂತ ಕೇಳ್ದೆ. ನಾನೇ ತಿರುಮಲೇಶ ಅಂತು. ನಿನ್ ಗಂಟ್ಲೇ ಕಣಪ್ಪ..."

ಇಬ್ಬರೂ ಹೋದರು. ಬೀಗ ಹಾಕಿದ ಹಾಗೇ ಇತ್ತು. ಒಳಗೆ ಧಡ್... ಧಡ್. ಚಿಕ್ಕಮ್ಮ ಮಗನ ಕೈ ಗಟ್ಟಿಯಾಗಿ ಹಿಡಕೊಂಡು ಪಿಸುಗುಟ್ಟಿದಳು.

"ಯಾರು?"

ಮಗ್ಗ ನಿಂತಿತು.

"ನಾನೇ ಕಣಮ್ಮ... ತಿರುಮಲೇಶ."

ಪಕ್ಕದಲ್ಲಿದ್ದ ತಿರುಮಲೇಶ ತುಟಿ ಬಿಚ್ಚಿರಲಿಲ್ಲ.

ಬೆಳಗಾದ ಮೇಲೆ ಬೀಗ ತೆಗೆದರು. ಸೆರಗು ಮುಗಿದಿತ್ತು. ಅದರ ತುಂಬಾ ಹಂಸಗಳು. ಚಿಕ್ಕಪ್ಪ ಆ ಡಿಸೈನು ಕಣ್ಣಾರೆ ಕಂಡವರೇ ಅಲ್ಲ. ಸುಟ್ಟುಬಿಡಿ ಅಂದಳು ಚಿಕ್ಕಮ್ಮ. ಶಿರೀಷಾ ಕೊಡಲಿಲ್ಲ. ಅಪ್ಪ ಹೇಳಿದ ಮಾತು ನಡೆಸಿದಾರೆ ಅಂತ ಅತ್ತು, ಅದನ್ನೇ ಉಟ್ಟು ಹಸೆಗೆ ಕೂತಳು.

ನಂಬದಿದ್ದರೆ ಬಿಡಿ. ಮದುವೆ ದಿನ ನಾನೇ ಆ ಸೆರಗು ತಿರುವಿ ನೋಡಿದೀನಿ. ನೂಲು ಹರಿದಲ್ಲೆಲ್ಲ ಗಂಟು ಹಾಕಿತ್ತು. ಒಂದೊಂದೂ ಎಡಗೈ ಗಂಟು.