ಓರಗಿತ್ತಿ ಗಿಡ

ಮಳೆ ಮಧ್ಯಾಹ್ನವೇ ಹಿಡಿದುಕೊಂಡಿತ್ತು. ದೀಪ ಹಚ್ಚುವ ಹೊತ್ತಾದರೂ ಬಿಡುವ ಲಕ್ಷಣ ಕಾಣದೆ, ಲಾಂಡ್ರಿಯ ಹೆಂಗಸರು ಇಸ್ತ್ರಿ ಮೇಜಿನ ಸುತ್ತ ಕೂತಿದ್ದರು. ಇಸ್ತ್ರಿಪೆಟ್ಟಿಗೆಯ ಕೆಂಡ ಇನ್ನೂ ಆರಿರಲಿಲ್ಲ. ಒದ್ದೆ ಬಟ್ಟೆಯ ವಾಸನೆ, ಗಂಜಿಯ ವಾಸನೆ, ಜೊತೆಗೆ ಬಾಯಿಬಿಡದ ಒಂದು ಜಗಳದ ಬಿಸಿ. ಇಸ್ತ್ರಿಯವಳಿಗೂ ರಿಪೇರಿ ಹೊಲಿಗೆಯವಳಿಗೂ ಮಾತು ನಿಂತು ವಾರವಾಗಿತ್ತು. ಸುಟ್ಟ ಕಾಲರೊಂದನ್ನು ಹೊಲಿಗೆಯವಳು ಯಜಮಾನನಿಗೆ ತೋರಿಸಿಬಿಟ್ಟಿದ್ದಳು. ಆ ಕಾಲರು ಇಸ್ತ್ರಿಯವಳ ಹೊಟ್ಟೆಯೊಳಗೆ ಇನ್ನೂ ಹೊಗೆಯಾಡುತ್ತಿತ್ತು.

ಕೊನೆಗೆ ಹೊಲಿಗೆಯವಳೇ ಸೋತು, ಹಿಂದಿನ ಕೋಣೆಯಿಂದ ಇಣುಕಿದಳು. “ಅಕ್ಕ, ಆಸ್ಪತ್ರೆ ದುಪ್ಪಟಿ ರಾಶಿ ಬಿದ್ದಿದೆ. ಒಂದು ತುದಿ ಹಿಡೀತೀರಾ?”

ಇಸ್ತ್ರಿಯವಳು ಮುಖ ತಿರುಗಿಸಿದಳು. “ಯಾಕೆ, ಹಲ್ಲಿಲ್ವಾ ನಿಂಗೆ? ಕಚ್ಕೊಂಡು ಮಡಚು. ಚಾಡಿ ಹೇಳೋಕೆ ಬಾಯಿ ಗಟ್ಟಿ ಇದೆಯಲ್ಲ!”

ಯಾರೋ ಕಿಸಕ್ಕೆಂದರು. ಹೊಲಿಗೆಯವಳು ಪರದೆ ಎಳೆದುಕೊಂಡು ಒಳಗೆ ಹೋದಳು. ಇಸ್ತ್ರಿಯವಳಿಗೆ ವಾರದಿಂದ ಇಲ್ಲದ ಹಿತ ಎದೆಗಿಳಿಯಿತು.

ನಗದವಳು ಗಂಜಿಯಜ್ಜಿ ಒಬ್ಬಳೇ. ಬಟ್ಟೆಗೆ ಗಂಜಿ ಹಾಕಿ ಹಾಕಿ ಬೆರಳೆಲ್ಲ ಬಿಳಿಚಿಕೊಂಡ ಮುದುಕಿ, ಮಾತು ಅಳೆದು ಆಡುವವಳು. ಅವಳು ಮೂಲೆಯಿಂದ ಮಣೆ ಎಳೆದುಕೊಂಡು ಮುಂದೆ ಬಂದಳು.

“ಆ ಮಾತು ಈ ಲಾಂಡ್ರೀಲಿ ಮೊದಲು ಆಡಿದೋಳು ನೀನಲ್ಲ ಕಣೇ… ಕೇಳ್ರೇ ಎಲ್ಲ, ಮಳೆಯಂತೂ ಬಿಡಲ್ಲ.

“ಆಗ ಈ ಲಾಂಡ್ರಿ ಇಬ್ಬರು ಅಣ್ಣತಮ್ಮಂದಿರದು, ನಾನಿಲ್ಲಿ ನೀರು ಹೊರೋ ಹುಡುಗಿ. ಅವರ ಹೆಂಡಿರು, ಓರಗಿತ್ತಿಯರು, ಇಲ್ಲೇ ಒಗೀತಿದ್ರು. ಹಾವು ಮುಂಗುಸಿ ಅಂತೀರಾ? ಅವೇ ವಾಸಿ, ಒಂದು ಸಲ ಕಚ್ಚಾಡಿ ಮುಗಿಸ್ತಾವೆ. ಇವರದು ದಿನಾ. ಚಿಕ್ಕೋಳದು ಏನೂ ತಪ್ಪಿಲ್ಲ, ನಗುನಗ್ತಾ ಇರ್ತಿದ್ಲು ಅಷ್ಟೆ. ಕೆಲವರಿಗೆ ಅಷ್ಟೇ ಸಾಕಲ್ವೇ? ಅಂಗಳದ ಹಗ್ಗ ಪೂರಾ ನಂದು ಅಂತ ದೊಡ್ಡೋಳು ಹಿಡ್ಕೊಂಡ್ಲು. ಚಿಕ್ಕೋಳು ಬುಟ್ಟಿ ಹೊತ್ಕೊಂಡು ಹಿಂದಿನ ಇಳಿಜಾರು ಹತ್ತಿದ್ಲು. ಅಲ್ಲೊಂದು ಪೊದೆ… ನೋಡಿದೀರಲ್ಲ, ಈಗಲೂ ಇದೆ. ಬೆಟ್ಟದ ಗಿಡವೆಲ್ಲ ಚಳಿಗೆ ಬೋಳಾದ್ರೂ ಅದೊಂದು ಮಾತ್ರ ಹಚ್ಚಗೆ. ಎಲೆ ಬದನೆ ಎಲೆ ತರ, ಹೂವು ನೇತುಬಿದ್ದ ಗಂಟೆ ತರ. ಬದನೆ, ಉಮ್ಮತ್ತಿ, ಇದು, ಎಲ್ಲ ಒಂದೇ ಬಳಗ. ಬಳಗ ಒಂದಾದ್ರೆ ಗುಣ ಒಂದೇ ಇರ್ಬೇಕಾ? ಮುಳ್ಳಿಲ್ಲ, ಬಟ್ಟೆ ಹರಿಯಲ್ಲ, ಗಾಳಿಗೆ ಹಾರಲ್ಲ. ‘ಹಗ್ಗ ಅಕ್ಕನೇ ಇಟ್ಕೊಳ್ಲಿ, ನಂಗೆ ಬೆಟ್ಟವೇ ಇದೆ’ ಅಂತ ಚಿಕ್ಕೋಳು ಅದರ ಮೇಲೇ ದುಪ್ಪಟಿ ಹರಡಿದ್ಲು.

“ಆಡು ಮುಟ್ಟದ ಸೊಪ್ಪಿಲ್ಲ ಅಂತೀವಲ್ಲ, ಅಂಥ ಆಡೇ ಆ ಗಿಡ ಕಂಡ್ರೆ ದಾರಿ ಬಿಟ್ಟು ಹೋಗುತ್ತೆ, ಅಷ್ಟು ವಿಷ. ದೊಡ್ಡೋಳು ಆಡು ಕಾಯೋರ ಮನೆ ಮಗಳು. ಗೊತ್ತಿತ್ತು ಅವಳಿಗೆ… ಗೊತ್ತಿದ್ದೂ ತುಟಿ ಹೊಲ್ಕೊಂಡು ಕೂತ್ಲು.

“ದುಪ್ಪಟಿ ಮಡಚೋದು ಒಬ್ಬರ ಕೈಲಿ ಆಗೋ ಕೆಲಸವೇ? ಎದುರುಬದುರು ನಿಲ್ಬೇಕು, ಎಳೀಬೇಕು, ಒಂದೊಂದು ಮಡಿಕೆಗೂ ಹತ್ತಿರ ಬಂದು ತುದಿಗೆ ತುದಿ ಕೂಡಿಸ್ಬೇಕು. ‘ಅಕ್ಕ, ತುದಿ ಹಿಡೀರಿ’ ಅಂದ್ಲು ಚಿಕ್ಕೋಳು. ದೊಡ್ಡೋಳು ಏನಂದ್ಲು ಗೊತ್ತಾ? ‘ಹಲ್ಲಿಲ್ವಾ ನಿಂಗೆ?’ ಅಂದ್ಲು… ಅವತ್ತಿಂದ ಚಿಕ್ಕೋಳು ಅಂಚು ಕಚ್ಕೊಂಡೇ ಮಡಚಿದ್ಲು. ಒದ್ದೆ ಬಟ್ಟೆ ಭಾರಕ್ಕೆ ಎಲೆ ಜಜ್ಜಿಹೋಗಿ, ಆ ರಸ ಕುಡಿದ ಅಂಚು, ದಿನಾ ಬಾಯೊಳಗೆ.

“ಮೊದಲು ನಾಲಗೆ ಒಣಗ್ತು. ಮುಖ ಕೆಂಡ ಆಯ್ತು, ಕಣ್ಣಿನ ಕರಿಗುಡ್ಡೆ ಬಾವಿ ಹಾಗೆ ಅಗಲ ಆಯ್ತು. ಆಮೇಲೆ ಇಲ್ಲದ ಬಟ್ಟೆ ಮಡಚೋಕೆ ಶುರು ಮಾಡಿದ್ಲು… ಗಾಳೀಲಿ ಕೈ ಆಡಿಸ್ತಾ, ತುದಿ ಹಿಡೀರಿ ಅಕ್ಕ, ತುದಿ ಹಿಡೀರಿ. ದೊಡ್ಡೋಳು ನೋಡಿ ನಕ್ಕಳು. ಮಟಮಟ ಮಧ್ಯಾಹ್ನ ಇಳಿಜಾರು ಹತ್ತಿದ ಚಿಕ್ಕೋಳು ಪೊದೆ ಬುಡದಲ್ಲಿ ಸಿಕ್ಕಿದ್ಲು. ಬಾಯಿ ತುಂಬ ಎಲೆ. ಮೈ ತಣ್ಣಗೆ.

“ಇನ್ನೇನು, ಹಗ್ಗವೂ ದೊಡ್ಡೋಳದೇ, ಬೆಟ್ಟವೂ ಅವಳದೇ. ಒಂದು ಸಂಜೆ ಅದೇ ಹಿಂದಿನ ಕೋಣೇಲಿ ಒಬ್ಬಳೇ ದುಪ್ಪಟಿ ಬಿಡಿಸಿದ್ಲು. ನಾನು ನೀರು ಕೊಡೋಕೆ ಬಾಗಿಲಿಗೆ ಬಂದೋಳು ಅಲ್ಲೇ ನಿಂತೆ… ಯಾಕೇಂದ್ರೆ ಆ ಕಡೆ ತುದಿ ತಾನೇ ಎದ್ದಿತು. ಬಿಗಿ ಆಯ್ತು. ನಡುವೆ ಬಿಳೀ ಬಟ್ಟೆ, ಆಚೆ ಯಾರು ಅಂತ ಅವಳಿಗೆ ಕಾಣ್ದು. ಒಂದು ಮಡಿಕೆ ಬಿತ್ತು, ಒಂದು ಹೆಜ್ಜೆ ಹತ್ತಿರ. ಕೈ ಬಿಡೋಣ ಅಂದ್ರೆ ಬೆರಳು ಬಿಚ್ಚಲ್ಲ. ಮಡಚಿದಷ್ಟೂ ದುಪ್ಪಟಿ ಗಿಡ್ಡ ಆಗುತ್ತಲ್ವೇ? ಮರೆ ಕಮ್ಮಿ ಆಗ್ತಾ ಬರುತ್ತಲ್ವೇ? ಕೊನೇ ಮಡಿಕೆಗೆ ಮುಖಕ್ಕೆ ಮುಖ…

“ಆಚೆ ಕಡೆ ನಂಗೇನೂ ಕಾಣ್ಲಿಲ್ಲ. ಕಂಡೋಳು ದೊಡ್ಡೋಳು. ಕಂಡದ್ದು ಹೇಳೋಣ ಅಂತ ನನ್ನ ಕಡೆ ತಿರುಗಿ ಬಾಯಿ ತೆರೆದ್ಲು ನೋಡಿ… ಒಂದೂ ಹಲ್ಲಿರ್ಲಿಲ್ಲ. ಎಲ್ಲ ಆ ದುಪ್ಪಟಿ ಕೊನೇ ಮಡಿಕೇಲಿ ಸಿಕ್ಕಿದ್ವು. ಅಂಚಿಗೆ ಅಂಚು ಕೂಡಿಸಿ ನೀಟಾಗಿ ಮಡಚಿತ್ತು. ಬೆಳಗಾಗೋ ತನಕ ಬದುಕಿದ್ಲು, ಪಾಪಿ.”

ಇಸ್ತ್ರಿಯವಳು ನಗಲು ನೋಡಿದಳು. ತುಟಿ ಒಣಗಿತ್ತು. “ಅದಕ್ಕೇನಾ ಆ ಗಿಡದ ಮೇಲೆ ಬಟ್ಟೆ ಹಾಕಬಾರದು ಅನ್ನೋದು? ಕರೆ ಹಿಡಿಯುತ್ತೆ ಅಂದ್ಕೊಂಡಿದ್ದೆ.”

“ಇವತ್ತು ಆಸ್ಪತ್ರೆ ದುಪ್ಪಟಿ ಎಲ್ಲಿ ಒಣಗಿದ್ವು?” ಎಂದಳು ಅಜ್ಜಿ.

ಇಸ್ತ್ರಿಯವಳು ಹಿಂದಿನ ಕೋಣೆಯ ಪರದೆಯತ್ತ ನೋಡಿದಳು. ಬೆಳಿಗ್ಗೆ ಬೇಕೆಂದೇ ಹಗ್ಗದ ತುಂಬ ತನ್ನ ಪಾಲಿನ ಅಂಗಿಗಳನ್ನು ಹರಡಿದ್ದವಳು ಅವಳೇ. ಹೊಲಿಗೆಯವಳು ಬುಟ್ಟಿ ಹೊತ್ತು ಇಳಿಜಾರು ಹತ್ತಿದ್ದನ್ನು ಕಿಟಕಿಯಿಂದ ನೋಡಿ, ಹತ್ತಲಿ ಬಿಡು ಎಂದುಕೊಂಡಿದ್ದಳು.

ಎದ್ದು ಹೋಗಿ ಪರದೆ ಸರಿಸಿದಳು. ಗಾಳಿಯಲ್ಲಿ ಬಿಗಿಯಾಗಿ ನಿಂತಿದ್ದ ದುಪ್ಪಟಿಯ ಆಚೆ ತುದಿ, ಯಾರೋ ಕೈಬಿಟ್ಟಂತೆ, ನೆಲಕ್ಕೆ ಬಿತ್ತು. ಪಕ್ಕದಲ್ಲಿ ಎದೆಯೆತ್ತರಕ್ಕೆ ಮಡಚಿದ ರಾಶಿ, ಒಂದೂ ಅಂಚು ತಪ್ಪಿರಲಿಲ್ಲ. ಹೊಲಿಗೆಯವಳ ಮುಖ ಕೆಂಪಗಿತ್ತು, ಕಣ್ಣು ಪೂರ್ತಿ ಕಪ್ಪಾಗಿತ್ತು. ಕಚ್ಚಿದ್ದ ಅಂಚನ್ನು ಬಿಟ್ಟು, ಒಣಗಿದ ಬಾಯಲ್ಲಿ ಕೇಳಿದಳು:

“ಇಷ್ಟೊತ್ತು ಚೆನ್ನಾಗಿ ಹಿಡಿದಿದ್ರಲ್ಲ ಅಕ್ಕ… ಈಗ್ಯಾಕೆ ಬಿಟ್ರಿ?”

ಹೆಂಗಸರು ದಡಬಡನೆ ಎದ್ದರು. ಯಾರೋ ನೀರು ತಂದು ಅವಳ ಬಾಯಿ ತೊಳೆಸಿದರು, ಯಾರೋ ಮಳೆಯಲ್ಲೇ ಗಾಡಿ ಕರೆಯಲು ಓಡಿದರು. ಇಸ್ತ್ರಿಯವಳು ಮಾತ್ರ ಪರದೆ ಹಿಡಿದು ನಿಂತೇ ಇದ್ದಳು.

“ಅವಳಿಗೇನೂ ಆಗಲ್ಲ, ಹೊತ್ತಿಗೆ ಮುಂಚೆ ಕಂಡಿದೀವಿ,” ಅಜ್ಜಿ ಹಿಂದಿನಿಂದ ಮೆಲ್ಲಗೆ ಹೇಳಿದಳು. “ತುದಿ ಸಿಗದೋರಿಗೆ ಚಿಕ್ಕೋಳು ಹಿಡೀತಾಳೆ, ನೋಯಿಸಲ್ಲ… ಆದ್ರೆ ನೀನು ಇನ್ಮೇಲೆ ಒಬ್ಬಳೇ ದುಪ್ಪಟಿ ಬಿಡಿಸಬೇಡ ಮಗಳೇ. ಹಲ್ಲಿಲ್ವಾ ಅಂತ ಕೇಳಿದ್ದೀಯ. ಕೇಳಿದೋರಿಗೆ ಉತ್ತರ ಕೊಡದೆ ಹೋಗೋಳಲ್ಲ ಅವಳು.”